ಫೈಲ್ ಸಿಕ್ತು, ತಡಿ ಮಾರಾಯ!

ಚಂದ್ರು: ಫೋನಿಗೆ ಮತ್ತೆ ಹಾಕೋ ಫರ್ಮ್‌ವೇರ್, ಅಂದ್ರೆ ಫೋನನ್ನ ನಡೆಸೋ ಮೂಲ ಸಾಫ್ಟ್‌ವೇರ್, ಹುಡುಕೋದರಲ್ಲಿ ಏನು ಬ್ರಹ್ಮವಿದ್ಯೆ ಇದೆಯೋ? ಫೋನಿನ ಹೆಸರು ಟೈಪ್ ಮಾಡು, ಮೊದಲು ಕಂಡ ಡೌನ್‌ಲೋಡ್ ಬಟನ್ ಒತ್ತು, ಮುಗೀತು.

ವಾಸು: ಮುಗಿಯೋದಂತೂ ನಿಜ. ಫೋನು ಮುಗಿಯುತ್ತೆ.

ಪದ್ಮಾ: ಅಂಥ ಪುಟದಲ್ಲಿ ಮೊದಲು ಕಾಣೋ ಬಟನ್ನು ಯಾವತ್ತೂ ಜಾಹೀರಾತೇ. ಒತ್ತಿದರೆ ಫರ್ಮ್‌ವೇರ್ ಬರಲ್ಲ, ‘ನಿಮ್ಮ ಕಂಪ್ಯೂಟರಿನಲ್ಲಿ ಹದಿನೇಳು ವೈರಸ್ ಇವೆ’ ಅನ್ನೋ ಪ್ರೋಗ್ರಾಮ್ ಬರುತ್ತೆ. ಅದು ಹದಿನೆಂಟನೇದು.

ಚಂದ್ರು: ಸರಿ ಬಿಡಮ್ಮ. ಹೆಸರು ಸಾಲದಿದ್ರೆ ಇನ್ನೇನು ನೋಡಬೇಕು?

ವಾಸು: ಮಾಡೆಲ್ ನಂಬರ್. ಗ್ಯಾಲಕ್ಸಿ ಎಸ್21 ಅಂತ ಡಬ್ಬದ ಮೇಲೆ ಹೆಸರು ಒಂದೇ. ಆದ್ರೆ ಎಸ್‌ಎಂ-ಜಿ991ಬಿ ಅಂದ್ರೆ ಒಳಗಿರೋದು ಎಕ್ಸಿನಾಸ್ ಚಿಪ್, ಎಸ್‌ಎಂ-ಜಿ991ಯು ಅಂದ್ರೆ ಸ್ನ್ಯಾಪ್‌ಡ್ರ್ಯಾಗನ್. ಕೊನೇ ಒಂದಕ್ಷರಕ್ಕೆ ಬೂಟ್‌ಲೋಡರ್ (ಫೋನನ್ನ ಎಬ್ಬಿಸೋ ಮೊದಲ ಪ್ರೋಗ್ರಾಮ್), ಮೋಡೆಮ್ (ನೆಟ್‌ವರ್ಕ್ ನೋಡ್ಕೊಳ್ಳೋ ಭಾಗ) ಎಲ್ಲಾ ಬೇರೆ. ಸೆಟ್ಟಿಂಗ್ಸ್‌ಗೆ ಹೋಗಿ ‘ಅಬೌಟ್ ಫೋನ್’ ತೆಗೆದು ಓದ್ಕೋ. ಹಿಂದಿನ ಕವರ್ ಮೇಲೆ ಬರೆದಿದ್ದನ್ನ ಪೂರ್ತಿ ನಂಬಬೇಡ. ಕವರ್ ಬದಲಾಯಿಸಿದ ಫೋನಿನಲ್ಲಿ ಕವರ್ ಒಂದು ಹೇಳುತ್ತೆ, ಬೋರ್ಡ್ ಇನ್ನೊಂದು ಹೇಳುತ್ತೆ.

ಚಂದ್ರು: ಮಾಡೆಲ್ ಸರಿ ಇದ್ರೆ ಆಯ್ತಲ್ಲ. ಹೊಸ ಅಪ್‌ಡೇಟ್ ಸರಿಯಿಲ್ಲ, ಹಳೇ ವರ್ಷನ್ನೇ ಚೆನ್ನಾಗಿತ್ತು ಅಂತ ಹಳೇದನ್ನ ಹಾಕ್ಕೊಳ್ಳೋದು.

ಪದ್ಮಾ: ಅಲ್ಲೇ ಇರೋದು ಗಮ್ಮತ್ತು. ಸ್ಯಾಮ್‌ಸಂಗ್ ಬಿಲ್ಡ್ ನಂಬರಿನಲ್ಲಿ (ಫರ್ಮ್‌ವೇರ್ ಆವೃತ್ತಿಯ ಗುರುತು) ಕೊನೆಯಿಂದ ಐದನೇ ಅಕ್ಷರ ಎಣಿಸು. ಅದು ಬೂಟ್‌ಲೋಡರಿನ ಬೈನರಿ ನಂಬರ್. ಫೋನಿನಲ್ಲಿ 5 ಇದ್ದು, ಫೈಲಿನಲ್ಲಿ 4 ಇದ್ರೆ ಫೋನು ಒಳಗೇ ಬಿಟ್ಕೊಳ್ಳಲ್ಲ. ಅಪ್‌ಡೇಟ್ ಆಗುವಾಗ ಚಿಪ್ಪಿನೊಳಗೆ ಒಂದು ಫ್ಯೂಸ್ ಸುಟ್ಟು ಲೆಕ್ಕ ಇಟ್ಟಿರುತ್ತೆ. ಸುಟ್ಟ ಫ್ಯೂಸು ವಾಪಸ್ ಬರಲ್ಲ. ಆಂಡ್ರಾಯ್ಡ್ ವರ್ಷನ್ ಹಳೇದಾದ್ರೂ ಬೈನರಿ ನಂಬರ್ ಅಷ್ಟೇ ಇದ್ರೆ ಈ ಬಾಗಿಲು ತೆರೆಯುತ್ತೆ, ಡೇಟಾ ಮಾತ್ರ ಅಳಿಸಿ ಹಾಕ್ಬೇಕಾಗುತ್ತೆ.

ವಾಸು: 9 ಆದ್ಮೇಲೆ 10 ಬರಲ್ಲ, ಎ ಬರುತ್ತೆ. 9ಕ್ಕಿಂತ ಎ ಚಿಕ್ಕದು ಅಂದ್ಕೊಂಡು ಕೂತವರು ಇದ್ದಾರೆ.

ಚಂದ್ರು: ಒಳಗೆ ಬಿಟ್ಕೊಳ್ಳಲ್ಲ ಅಂದ್ರೆ ಫೋನ್ ಡೆಡ್ಡಾ?

ಪದ್ಮಾ: ಸಾಮಾನ್ಯವಾಗಿ ಇಲ್ಲ ಕಣೋ. ಸ್ಯಾಮ್‌ಸಂಗ್‌ಗೆ ಫರ್ಮ್‌ವೇರ್ ಹಾಕೋ ಓಡಿನ್ ಅನ್ನೋ ಪ್ರೋಗ್ರಾಮಿನಲ್ಲಿ ಕೆಂಪಗೆ ‘ಫೇಲ್’ ಬರುತ್ತೆ, ಫೋನಿನ ಪರದೆ ಮೇಲೆ ಸಣ್ಣಕ್ಷರದಲ್ಲಿ ‘ಎಸ್‌ಡಬ್ಲ್ಯೂ ರೆವ್ ಚೆಕ್ ಫೇಲ್’, ಪಕ್ಕದಲ್ಲೇ ಡಿವೈಸ್ 5, ಬೈನರಿ 4 ಅಂತ ಕಾರಣಾನೂ ಬರೆದಿರುತ್ತೆ. ಅದನ್ನ ಓದದೆ ಕೇಬಲ್ ಬದಲಾಯಿಸ್ತಾ ಕೂರ್ತಾರೆ. ಸರಿಯಾದ ಫೈಲ್ ಹಾಕಿದ್ರೆ ಎದ್ದು ಕೂರುತ್ತೆ.

ವಾಸು: ಪಿಕ್ಸೆಲ್ 6ರ ಕಥೆನೂ ಅದೇ. 2022ರ ಆಂಡ್ರಾಯ್ಡ್ 13 ಹಾಕಿದ್ಮೇಲೆ ಬೂಟ್‌ಲೋಡರ್ 12ಕ್ಕೆ ಇಳಿಯಲ್ಲ. ಐಫೋನಿನಲ್ಲಂತೂ ಚರ್ಚೆನೇ ಇಲ್ಲ. ಅದರ ಫರ್ಮ್‌ವೇರ್ ಇರೋ ಐಪಿಎಸ್‌ಡಬ್ಲ್ಯೂ ಫೈಲನ್ನ ಎಲ್ಲಿಂದಾದ್ರೂ ತಾ, ಆ ಹೊತ್ತಿಗೆ ಆಪಲ್ ಸರ್ವರ್ ಸಹಿ ಹಾಕಿದ್ರೆ ಉಂಟು, ಇಲ್ಲಾಂದ್ರೆ ಇಲ್ಲ. ‘ಅಪ್‌ಡೇಟ್’ ಒತ್ತಿದ್ರೆ ಡೇಟಾ ಉಳಿಯುತ್ತೆ, ‘ರಿಸ್ಟೋರ್’ ಒತ್ತಿದ್ರೆ ಗುಡಿಸಿ ಸಾರಿಸಿಬಿಡುತ್ತೆ.

ಚಂದ್ರು: ಹಾಗಾದ್ರೆ ನಂಬಿಕಸ್ತ ಫೈಲ್ ಸಿಗೋದೆಲ್ಲಿ?

ಪದ್ಮಾ: ತಯಾರಕರ ಹತ್ರಾನೇ ಮೊದಲು. ಪಿಕ್ಸೆಲ್‌ಗೆ ಗೂಗಲ್‌ನವರೇ ಫ್ಯಾಕ್ಟರಿ ಇಮೇಜು (ಪೂರ್ತಿ ಫರ್ಮ್‌ವೇರ್ ಫೈಲು), ಪಕ್ಕದಲ್ಲಿ ಅದರ ಶಾ-256 ಹ್ಯಾಶ್ (ಫೈಲಿನಿಂದ ಲೆಕ್ಕ ಹಾಕಿದ, ಬೆರಳಚ್ಚಿನಂಥ ಗುರುತು) ಎರಡೂ ಇಟ್ಟಿರ್ತಾರೆ. ಸ್ಯಾಮ್‌ಸಂಗ್‌ಗೆ ಫ್ರಿಜಾ ಥರದ ಟೂಲ್ ಇದೆ. ಟೂಲು ಹೊರಗಿನವರದ್ದಾದ್ರೂ ಫೈಲು ಬರೋದು ಸ್ಯಾಮ್‌ಸಂಗ್ ಸರ್ವರಿನಿಂದಲೇ. ಮೊಟೊರೊಲಾದವರ ರಿಪೇರಿ ಸಾಫ್ಟ್‌ವೇರ್ ತಾನೇ ಹುಡುಕಿ ತಾನೇ ಹಾಕುತ್ತೆ. ಜಿಪ್‌ಗೆ ಪಾಸ್‌ವರ್ಡ್ ಇಟ್ಟು, ಒಳಗೊಂದು ಇಎಕ್ಸ್‌ಇ (ವಿಂಡೋಸ್ ಪ್ರೋಗ್ರಾಮ್) ಸೇರಿಸಿ, ‘ಆಂಟಿವೈರಸ್ ಆಫ್ ಮಾಡಿ ಓಡಿಸಿ’ ಅಂದ್ರೆ ಅಲ್ಲಿಂದ ಎದ್ದು ಬಾ.

ಚಂದ್ರು: ಬೇರೆ ಕಡೆಯಿಂದ ತಂದ್ರೂ ಹ್ಯಾಶ್ ತಾಳೆ ಆದ್ರೆ ಸುರಕ್ಷಿತ ತಾನೆ?

ಪದ್ಮಾ: ಹ್ಯಾಶ್ ಹೇಳೋದಿಷ್ಟೇ: ಅವರಿಟ್ಟ ಫೈಲು ದಾರೀಲಿ ಕೆಡದೆ ಬಂದಿದೆ ಅಂತ. ಕಳ್ಳ ಫೈಲಿಗೆ ಕಳ್ಳನೇ ಹ್ಯಾಶ್ ಬರೆದಿಟ್ರೆ ಎರಡೂ ಚಂದಾಗಿ ತಾಳೆ ಆಗುತ್ತೆ. ಹ್ಯಾಶ್ ತಯಾರಕರ ಪುಟದ್ದೇ ಆಗಿರ್ಬೇಕು. ನಿನ್ನ ಫೈಲಿನ ಹ್ಯಾಶ್ ಲೆಕ್ಕ ಹಾಕೋಕೆ ವಿಂಡೋಸ್‌ನಲ್ಲಿ ಸರ್ಟ್‌ಯುಟಿಲ್, ಲಿನಕ್ಸ್‌ನಲ್ಲಿ ಶಾ256ಸಮ್. ಬರೋದು 64 ಅಕ್ಷರ. ಮೊದಲ ನಾಲ್ಕು ನೋಡಿ ‘ಆಯ್ತಾಯ್ತು’ ಅನ್ನೋದಲ್ಲ, ಎರಡನ್ನೂ ಒಂದರ ಕೆಳಗೊಂದು ಅಂಟಿಸಿ ನೋಡು.

ವಾಸು: ಇನ್ನೊಂದು. ಬೂಟ್‌ಲೋಡರ್ ಲಾಕ್ ಇದ್ದಾಗ ಫೋನೇ ತಯಾರಕರ ಸಹಿ ನೋಡಿ ಕಳ್ಳಮಾಲನ್ನ ವಾಪಸ್ ಕಳಿಸುತ್ತೆ. ಅನ್‌ಲಾಕ್ ಮಾಡಿದ್ರೆ ಆ ಕಾವಲು ಹೋಯ್ತು, ಜೊತೆಗೆ ಡೇಟಾನೂ ಅಳಿಸಿಹೋಗುತ್ತೆ. ಆಮೇಲೆ ಬ್ಯಾಕಪ್ ನೆನಪಾಗೋದು ಕೋಟೆ ಕೊಳ್ಳೆ ಹೊಡೆದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ.

ಚಂದ್ರು: ಕೆಲಸ ಆದ್ಮೇಲೆ ಮತ್ತೆ ಲಾಕ್ ಮಾಡಿದ್ರಾಯ್ತು!

ವಾಸು: ಅಯ್ಯೋ, ಶಿಯೋಮಿ ಫೋನ್‌ಗಳು ಡೆಡ್ ಆಗೋದೇ ಈ ಒಂದು ಮಾತಿಗೆ. ಅವಕ್ಕೆ ಫರ್ಮ್‌ವೇರ್ ಹಾಕೋ ಮಿ ಫ್ಲ್ಯಾಶ್ ಪ್ರೋಗ್ರಾಮಿನ ಕಿಟಕಿಯ ತಳದಲ್ಲಿ ಮೂರು ಆಯ್ಕೆ: ‘ಕ್ಲೀನ್ ಆಲ್’, ‘ಸೇವ್ ಯೂಸರ್ ಡೇಟಾ’, ‘ಕ್ಲೀನ್ ಆಲ್ ಅಂಡ್ ಲಾಕ್’. ಸಾಮಾನ್ಯವಾಗಿ ಮೊದಲೇ ಗುರುತಾಗಿರೋದು ಆ ಮೂರನೇದು. ಚೀನಾ ಮಾರುಕಟ್ಟೆಯ ಫೋನಿಗೆ ಗ್ಲೋಬಲ್ ರಾಮ್, ಅಂದ್ರೆ ಚೀನಾದ ಹೊರಗಿನ ಫೋನಿನ ಫರ್ಮ್‌ವೇರ್, ಹಾಕಿ, ಇದನ್ನ ನೋಡದೆ ‘ಫ್ಲ್ಯಾಶ್’ ಒತ್ತಿದ್ರೆ, ರಾಮ್ ಸರಿಯಾಗೇ ಕೂರುತ್ತೆ, ಬೂಟ್‌ಲೋಡರ್ ಲಾಕ್ ಆಗುತ್ತೆ, ಆಮೇಲೆ ‘ಈ ಎಂಐಯುಐ (ಶಿಯೋಮಿಯ ಆಂಡ್ರಾಯ್ಡ್) ಈ ಫೋನಿಗಲ್ಲ’ ಅಂತ ಪರದೆ ಮೇಲೆ ಬರ್ಕೊಂಡು ಸುಮ್ನೆ ಕೂರುತ್ತೆ.

ಪದ್ಮಾ: ಮೀಡಿಯಾಟೆಕ್ ಚಿಪ್ ಇರೋ ಫೋನಿನಲ್ಲಿ ಎಸ್‌ಪಿ ಫ್ಲ್ಯಾಶ್ ಟೂಲಿನ ‘ಫಾರ್ಮ್ಯಾಟ್ ಆಲ್ + ಡೌನ್‌ಲೋಡ್’ ಇನ್ನೊಂದು ಮಹಾಶಯ. ನೆಟ್‌ವರ್ಕ್ ವಿವರ ಇರೋ ಎನ್‌ವಿರಾಮ್ ಅಳಿಸಿ, ಫೋನಿನ ಗುರುತಿನ ಸಂಖ್ಯೆ ಐಎಂಇಐ ಹೊತ್ಕೊಂಡು ಹೋಗುತ್ತೆ. ಸಿಮ್ ಇದ್ರೂ ನೆಟ್‌ವರ್ಕ್ ಬರಲ್ಲ. ‘ಡೌನ್‌ಲೋಡ್ ಓನ್ಲಿ’ ಇಟ್ಕೊಂಡ್ರೆ ಸಾಕು.

ಚಂದ್ರು: ಇಷ್ಟೆಲ್ಲ ಆದ್ಮೇಲೆ ಓಡಿನ್ ತೆಗೀಲಾ? ಜಿಪ್ ಬಿಚ್ಚಿದ್ರೆ ಐದು ಫೈಲು, ಅವಕ್ಕೆ ಹೊಂದೋ ಜಾಗ ನಾಲ್ಕೇ. ಒಂದು ಎಕ್ಸ್‌ಟ್ರಾ ಕೊಟ್ಟಿದ್ದಾರೆ.

ಪದ್ಮಾ: ಎಕ್ಸ್‌ಟ್ರಾ ಅಲ್ಲಪ್ಪಾ! ಬಿಎಲ್ (ಬೂಟ್‌ಲೋಡರ್), ಎಪಿ (ಆಂಡ್ರಾಯ್ಡ್), ಸಿಪಿ (ಮೋಡೆಮ್) ಮೂರನ್ನೂ ಅದರದರ ಜಾಗಕ್ಕೆ ಹಾಕು. ನಾಲ್ಕನೇ ಜಾಗಕ್ಕೆ ‘ಸಿಎಸ್‌ಸಿ’ (ದೇಶ, ಮೊಬೈಲ್ ಕಂಪನಿಗೆ ತಕ್ಕ ಸೆಟ್ಟಿಂಗ್ಸ್) ಹಾಕಿದ್ರೆ ಡೇಟಾ ಅಳಿಯುತ್ತೆ, ‘ಹೋಮ್ ಸಿಎಸ್‌ಸಿ’ ಹಾಕಿದ್ರೆ ಉಳಿಯುತ್ತೆ. ಉಳಿಯುತ್ತೆ ಅಂದ್ರೂ ಬ್ಯಾಕಪ್ ತಗೋ. ಅಳಿಸೋದಾದ್ರೆ ಗೂಗಲ್ ಖಾತೆಯ ಪಾಸ್‌ವರ್ಡ್ ಗೊತ್ತಿರ್ಲಿ, ಎದ್ದ ತಕ್ಷಣ ಕೇಳೋದು ಅದನ್ನೇ. ‘ರೀ-ಪಾರ್ಟಿಷನ್’ ಮೇಲೆ ಟಿಕ್ ಬೇಡ.

ವಾಸು: ಬ್ಯಾಟರಿ ಅರ್ಧಕ್ಕಿಂತ ಹೆಚ್ಚಿರ್ಲಿ. ಹಬ್ ಬೇಡ, ಕೇಬಲ್ ನೇರವಾಗಿ ಕಂಪ್ಯೂಟರಿಗೇ. ಬರೀ ಚಾರ್ಜಿಂಗ್ ಕೇಬಲ್ ಆದ್ರೆ ಕಂಪ್ಯೂಟರಿಗೆ ಫೋನೇ ಕಾಣಲ್ಲ. ಲ್ಯಾಪ್‌ಟಾಪ್ ಮಲಗದ ಹಾಗೆ ಸ್ಲೀಪ್ ಆಫ್ ಮಾಡು. ಫೋನನ್ನ ಫರ್ಮ್‌ವೇರ್ ತಗೊಳ್ಳೋ ಸ್ಥಿತಿಗೆ ತರೋಕೆ, ಹೋಮ್ ಬಟನ್ ಇಲ್ಲದ ಹೊಸ ಫೋನಾದ್ರೆ ಆಫ್ ಮಾಡಿ, ಎರಡೂ ವಾಲ್ಯೂಮ್ ಬಟನ್ ಒತ್ತಿ ಹಿಡಿದು ಕೇಬಲ್ ಚುಚ್ಚು, ಎಚ್ಚರಿಕೆ ಬಂದಾಗ ವಾಲ್ಯೂಮ್ ಅಪ್.

ಚಂದ್ರು: ಎಪಿ ಹಾಕ್ದೆ... ಏಯ್, ಓಡಿನ್ ಹ್ಯಾಂಗ್! ‘ನಾಟ್ ರೆಸ್ಪಾಂಡಿಂಗ್’ ಅಂತಿದೆ, ಕ್ಲೋಸ್ ಮಾಡ್ತೀನಿ.

ಪದ್ಮಾ: ಮುಟ್ಟಬೇಡ! ಹಲವು ಜಿಬಿ ಫೈಲು, ಅದರ ಎಂಡಿ5 ಹ್ಯಾಶ್ ಲೆಕ್ಕ ಹಾಕ್ತಿದೆ. ಅದಕ್ಕೂ ಉಸಿರಾಡೋಕೆ ಬಿಡು.

ಚಂದ್ರು: ಬಂತು, ಸ್ಟಾರ್ಟ್ ಒತ್ತಿದೆ... ಹಸಿರು! ಪಾಸ್! ಆದ್ರೆ ಫೋನು ಲೋಗೋದಲ್ಲೇ ನಿಂತಿದೆ. ಹೋಯ್ತು ಕಣೋ!

ವಾಸು: ಮೊದಲ ಸಲ ಏಳೋಕೆ ಐದು ಹತ್ತು ನಿಮಿಷ ತಗೊಳ್ಳುತ್ತೆ. ಪವರ್ ಬಟನ್ ಮೇಲಿಂದ ಕೈ ತೆಗಿ.

ಚಂದ್ರು: ಇಟ್ಟೇ ಇಲ್ಲ!

ಪದ್ಮಾ: ಇನ್ನೊಂದು ಕೈ.