ಪದ ಬೇಕು: ಕಬಡ್ಡಿಗೂ ಸಂಗೀತ ಕಛೇರಿಗೂ ಒಂದೇ ಸೂರು, ಬೋರ್ಡಿಗೆ ಏನು ಬರೆಯಲಿ?

ಶಿವಮೊಗ್ಗದಿಂದ

ಎಲ್ಲರಿಗೂ ನಮಸ್ಕಾರ. ಶುಕ್ರವಾರದೊಳಗೆ ಒಂದು ಪದ ಬೇಕು.

ನಾನು ಅನುವಾದದ ಕೆಲಸ ಮಾಡುವವಳು. ಸಾಗರ ರಸ್ತೆಯಲ್ಲಿ ಒಬ್ಬರು ದೊಡ್ಡದೊಂದು ಕಟ್ಟಡ ಕಟ್ಟಿದ್ದಾರೆ. ಒಳಗೆ ಮರದ ನೆಲ. 28 ಮೀಟರ್ ಉದ್ದ, 15 ಮೀಟರ್ ಅಗಲದ ಬ್ಯಾಸ್ಕೆಟ್‌ಬಾಲ್ ಅಂಕಣ. ಅದೇ ನೆಲದ ಮೇಲೆ ಬೇರೆ ಬೇರೆ ಬಣ್ಣದ ಗೆರೆ ಎಳೆದು ಬ್ಯಾಡ್ಮಿಂಟನ್, ವಾಲಿಬಾಲ್. ಕಬಡ್ಡಿ ಇದ್ದ ದಿನ ಮ್ಯಾಟ್ ಹಾಸುತ್ತಾರೆ. ಒಂದು ಬದಿಯ ಮೆಟ್ಟಿಲು ಸೀಟುಗಳನ್ನು ಹಿಂದಕ್ಕೆ ತಳ್ಳಿದರೆ ಅವು ಒಂದರ ಕೆಳಗೊಂದು ಸೇರಿಕೊಂಡು ಗೋಡೆಗೆ ಅಂಟಿ ನಿಲ್ಲುತ್ತವೆ. ಖಾಲಿಯಾದ ಜಾಗದಲ್ಲಿ ವೇದಿಕೆ. ಸಂಜೆ ಸಂಗೀತ. ಚಾವಣಿಯ ಉಕ್ಕಿನ ತೊಲೆಗಳಲ್ಲಿ ಲೈಟು, ಸ್ಪೀಕರ್ ನೇತುಹಾಕಲು ಕೊಂಡಿಗಳಿವೆ. ಗೋಡೆಗೆಲ್ಲ ಸದ್ದು ಹೀರುವ ಹಲಗೆ ಬಡಿಸಿದ್ದಾರೆ. ಚೆಂಡಿನ ಸದ್ದು ಮಾರ್ದನಿಸಿದರೆ ಯಾರಿಗೂ ತೊಂದರೆ ಇಲ್ಲ, ಹಾಡುವವರಿಗೆ ಅದೇ ಶತ್ರು.

ಮಾಲೀಕರು ಇಂಗ್ಲಿಷಿನಲ್ಲಿ ಇಟ್ಟಿರುವುದು 'ಮಲ್ಟಿಪರ್ಪಸ್ ಇಂಡೋರ್ ಅರೀನಾ'. ನಾನು ಮೊದಲು ಬರೆದುಕೊಟ್ಟದ್ದು 'ವಿವಿಧೋದ್ದೇಶ ಒಳಾಂಗಣ ಕ್ರೀಡಾಂಗಣ'. ಬೋರ್ಡು 18 ಅಡಿ. ಅಕ್ಷರ ಒಂದೂವರೆ ಅಡಿ ಎತ್ತರ ಬೇಕಂತೆ. ಬೋರ್ಡ್ ಮಾಡುವ ಹುಡುಗ ಟೇಪು ಹಿಡಿದು ನೋಡಿ, "ಅಕ್ಕಾ, ಇದಕ್ಕೆ ಇನ್ನೊಂದು ಬೋರ್ಡೇ ಬೇಕಾಗುತ್ತೆ" ಅಂದ. ಉದ್ದದ ಮಾತು ಹಾಗಿರಲಿ, ಆ ಹೆಸರಿನಲ್ಲಿ ಹಾಡು ಎಲ್ಲಿದೆ? ಬರೀ ಕ್ರೀಡೆ ಇದೆ. ಎರಡನ್ನೂ ಹೇಳುವ ಚಿಕ್ಕ ಪದ ಇದ್ದರೆ ಕೊಡಿ.

ತೀರ್ಥಹಳ್ಳಿಯಿಂದ

ನೋಡಮ್ಮಾ, 'ಒಳಾಂಗಣ' ಮೊದಲು ಕೈಬಿಡು. ಒಳ ಕನ್ನಡ, ಅಂಗಣ ಸಂಸ್ಕೃತ. ಅರಿಸಮಾಸ. ಸಂಧಿಯೂ ತಪ್ಪು. ಲೋಪವಾಗಿ ಒಳಂಗಣ ಆಗಬೇಕಾದಲ್ಲಿ ಸವರ್ಣದೀರ್ಘ ಮಾಡಿ ಎಳೆದಿದ್ದಾರೆ. ಅದರ ಮೇಲೆ ಕ್ರೀಡಾಂಗಣ ಬೇರೆ. ಒಂದೇ ಹೆಸರಿನಲ್ಲಿ ಎರಡು ಅಂಗಣ ಯಾಕೆ?

ನಿನಗೆ ಬೇಕಾದ ಪದ ಕಣ. ಲ್ಯಾಟಿನ್ನಿನಲ್ಲಿ ಅರೀನಾ ಅಂದರೆ ಮರಳು. ರೋಮಿನವರು ಕಾದಾಟದ ಜಾಗಕ್ಕೆ ಮರಳು ಹಾಸುತ್ತಿದ್ದರು, ರಕ್ತ ಹೀರಲಿ ಅಂತ. ನೆಲದ ಮರಳೇ ಜಾಗದ ಹೆಸರಾಯಿತು. ನಮ್ಮ ಕಣವೂ ಹಾಗೇ ನೆಲದಿಂದ ಬಂದದ್ದು. ನೆಲ ಸಮ ಮಾಡಿ, ಸಗಣಿ ಸಾರಿಸಿ, ನಡುವೆ ಮೇಟಿ ಕಂಬ ನೆಟ್ಟು ಭತ್ತ ತುಳಿಸುವ ಜಾಗ. ತಮಿಳಿನ ಕಳಂ ಇದೇ ಪದ. ಅಲ್ಲಿ ಅದಕ್ಕೆ ಒಕ್ಕುವ ಜಾಗ ಅಂತಲೂ ಅರ್ಥ, ಯುದ್ಧಭೂಮಿ ಅಂತಲೂ ಅರ್ಥ. ಚುನಾವಣಾ ಕಣ ಅಂತ ಪೇಪರಿನವರು ದಿನಾ ಬರೆಯುತ್ತಾರೆ. ಎರಡೇ ಅಕ್ಷರ. ಬೋರ್ಡಿನ ಹುಡುಗನಿಗೂ ಸುಲಭ.

ಭದ್ರಾವತಿಯಿಂದ

ಮೇಷ್ಟ್ರೇ, ಕಣದಲ್ಲಿ ಕಾದಾಡಬಹುದು, ಹಾಡು ಕೇಳಲು ಯಾರು ಹೋಗುತ್ತಾರೆ?

ನಾನು ಹುಡುಗರಿಗೆ ವಾಲಿಬಾಲ್ ಕಲಿಸುತ್ತೇನೆ. ಅವರು ಹೇಳುವುದು 'ಇಂಡೋರ್'. "ಸಾರ್, ನಾಳೆ ಇಂಡೋರಲ್ಲಿ ಪ್ರಾಕ್ಟೀಸಾ?" ಅಷ್ಟೇ. ಬರೆಯುವಾಗ ಒಳಾಂಗಣ ಕ್ರೀಡಾಂಗಣ. ಬೆಂಗಳೂರಿನ ಕಂಠೀರವದ್ದನ್ನು ಇಡೀ ರಾಜ್ಯ ಹಾಗೇ ಬರೆಯುತ್ತದೆ. ಒಳಾಂಗಣ ವಿನ್ಯಾಸ, ಒಳಾಂಗಣ ಸಸ್ಯ ಎಲ್ಲ ಬಂದಾಗಿದೆ. ಜನ ಒಪ್ಪಿದ ಪದಕ್ಕೆ ಈಗ ಸಂಧಿ ಬಿಡಿಸಿ ಏನು ಪ್ರಯೋಜನ?

ಸಾಗರದಿಂದ

ಸಂಧಿ ಇರಲಿ, ಅರ್ಥ ನೋಡಿ. ನಮ್ಮ ತೊಟ್ಟಿಮನೆಯಲ್ಲಿ ಒಳ ಅಂಗಳ ಅಂದರೆ ಯಾವುದು? ಮನೆ ನಡುವೆ ಆಕಾಶಕ್ಕೆ ತೆರೆದ ಜಾಗ. ಜುಲೈನಲ್ಲಿ ನಾಲ್ಕೂ ಕಡೆಯ ಹೆಂಚಿನಿಂದ ನೀರು ಅಲ್ಲಿಗೇ ಸುರಿಯುತ್ತದೆ. ನಾವು ಚಿಕ್ಕವರಿದ್ದಾಗ ಅಲ್ಲಿ ಕಾಗದದ ದೋಣಿ ಬಿಡುತ್ತಿದ್ದೆವು. ಮಲೆನಾಡಿನವರಿಗೆ ಅಂಗಳ ಅಂದರೆ ನೆನೆಯುವ ಜಾಗ, ಇಲ್ಲಾ ಅಡಿಕೆ ಒಣಗುವ ಜಾಗ. ಈ ಕಟ್ಟಡ ಕಟ್ಟಿದ್ದೇ ನೆನೆಯದೆ ಇರಲಿ ಅಂತ. ಸೂರೇ ಇಲ್ಲಿ ಮುಖ್ಯ.

ಹಳಗನ್ನಡದ ಆಡುಂಬೊಲ ಕೂಡ ಆಗಲ್ಲ. ಪೊಲ ಅಂದರೆ ಹೊಲ. ಅದಕ್ಕೂ ಸೂರಿಲ್ಲ.

ನನ್ನ ಸಲಹೆ 'ಸೂರಂಗಳ'. ಸೂರು ಇರುವ ಅಂಗಳ. ಅಂಗಳ ತದ್ಭವ, ಅರಿಸಮಾಸದ ತಕರಾರೂ ಇಲ್ಲ.

ತೀರ್ಥಹಳ್ಳಿಯಿಂದ

ಸುರಂಗ ಅಂತ ಓದುತ್ತಾರೆ. ಬೇಡ.

ಭದ್ರಾವತಿಯಿಂದ

ಹಾಗಿದ್ದರೆ 'ಅರೀನಾ' ಅಂತಲೇ ಬರೆಯಿರಿ. ಮೂರಕ್ಷರ. ಬಸ್ಸು, ರೈಲು, ಟಿಕೆಟ್ಟು ಎಲ್ಲ ತಗೊಂಡಿದ್ದೇವೆ. ಗಾಂಧಿಬಜಾರಿನ ಬಜಾರ್ ಪರ್ಶಿಯನ್. ಅಡಿಕೆ ಮಂಡಿಯ ಮಂಡಿ ಹಿಂದಿ ಕಡೆಯಿಂದ ಬಂದದ್ದು. ಮಂಡಿಗೆ ಕನ್ನಡ ಪದ ಬೇಕು ಅಂತ ಯಾವ ಬೆಳೆಗಾರ ಕೇಳಿದ್ದಾನೆ?

ತೀರ್ಥಹಳ್ಳಿಯಿಂದ

ಶುದ್ಧ ಕನ್ನಡದ ನಡುವೆ ಸಂಸ್ಕೃತ ತುರುಕುವುದು ತುಪ್ಪಕ್ಕೆ ಎಣ್ಣೆ ಬೆರೆಸಿದ ಹಾಗೆ ಅಂತ ನಯಸೇನ 12ನೇ ಶತಮಾನದಲ್ಲೇ ಹೇಳಿದ. ಅದು ಸಂಸ್ಕೃತದ ಬಗ್ಗೆ. ನೀವು ಈಗ ಲ್ಯಾಟಿನ್ ಸುರಿಯಲು ಹೊರಟಿದ್ದೀರಿ.

ಸಾಗರದಿಂದ

ಮೇಷ್ಟ್ರೇ, ಬೇಜಾರು ಮಾಡ್ಕೋಬೇಡಿ. ಮಂಡಿ ಜನರ ಬಾಯಿಂದ ಬಂತು. ವ್ಯಾಪಾರ ಮಾಡುವವರು ತಂದರು, ಬೆಳೆಗಾರರು ಆಡಿ ಆಡಿ ನಯ ಮಾಡಿದರು. ಅದಕ್ಕೆ ನನ್ನ ತಕರಾರಿಲ್ಲ. ಅರೀನಾ ಹಾಗಲ್ಲ. ಶಿವಮೊಗ್ಗದಲ್ಲಿ ಯಾರ ಬಾಯಲ್ಲಿ ಇದೆ? ಭದ್ರಾವತಿಯ ಹುಡುಗರೂ ಇಂಡೋರ್ ಅನ್ನುತ್ತಾರೆ, ಅರೀನಾ ಅನ್ನಲ್ಲ. ಜನ ಆಡದ ಪದವನ್ನು ಬೋರ್ಡಿನಿಂದ ಕಲಿಸುವುದಾದರೆ ಕನ್ನಡದ್ದನ್ನೇ ಕಲಿಸೋಣ, ಅಲ್ವಾ?

ಕೊಪ್ಪದಿಂದ

ಮೂರು ದಿನದಿಂದ ಓದುತ್ತಿದ್ದೇನೆ. ಒಂದು ಮಾತು ಯಾರೂ ಹೇಳಲಿಲ್ಲ. ಕ್ರೀಡೆ ಮತ್ತು ಸಂಗೀತ ಅಂತ ಎರಡು ಪದ ಹುಡುಕುವ ಅಗತ್ಯವೇ ನಮಗಿಲ್ಲ. ಎರಡಕ್ಕೂ ಸೇರಿ ನಮ್ಮಲ್ಲಿ ಒಂದು ಪದ ಇದೆ: ಆಟ. ಹುಡುಗರು ಆಡುವುದೂ ಆಟ. ರಾತ್ರಿಯಿಡೀ ಭಾಗವತರು ಹಾಡಿ, ವೇಷ ಕುಣಿಯುವ ಯಕ್ಷಗಾನವೂ ಆಟ. "ಆಟಕ್ಕೆ ಹೋಗಿದ್ದೆ, ನಿದ್ದೆಯಿಲ್ಲ" ಅಂದರೆ ನಮ್ಮ ಕಡೆ ಬಿಡಿಸಿ ಹೇಳಬೇಕಾಗಿಲ್ಲ. ಚೆಂಡೆ, ಮದ್ದಳೆ, ಹಾಡು, ಕುಣಿತ ಎಲ್ಲ ಅದರೊಳಗೇ ಬಂತು. 'ವಿವಿಧೋದ್ದೇಶ' ಅಂತ ಏಳೆಂಟು ಅಡಿ ಬೋರ್ಡು ಯಾಕೆ ಹಾಳು ಮಾಡಬೇಕು?

ಇನ್ನು ಜಾಗ. ಬಯಲಾಟಕ್ಕೆ ಬಯಲು. ಮಳೆಗಾಲದಲ್ಲಿ ಮೇಳಗಳು, ಅಂದರೆ ಯಕ್ಷಗಾನದ ತಂಡಗಳು, ತಿರುಗಾಟ ನಿಲ್ಲಿಸಿದ ಮೇಲೆ, ವೇಷವಿಲ್ಲದೆ ಕೂತು ಹಾಡು, ಮಾತಿನಲ್ಲೇ ನಡೆಸುವ ತಾಳಮದ್ದಳೆ ಎಲ್ಲಿ ನಡೆಯುತ್ತದೆ? ಜಗಲಿಯಲ್ಲಿ, ಚಾವಡಿಯಲ್ಲಿ. ಹೊರಗೆ ಹೊಡೆದು ಸುರಿಯುವ ಮಳೆ, ಒಳಗೆ ಪಾತ್ರಗಳಾಗಿ ವಾದಿಸುವ ಅರ್ಥಧಾರಿಗಳ ಮಾತು. ಚಾವಡಿ ಅಂದರೆ ಊರಿನ ಜನ ಸೇರುವ, ಸೂರಿರುವ ಜಾಗ. ಸಾಗರದವರು ಕೇಳಿದ ಸೂರು ಅದರಲ್ಲಿದೆ. 'ಆಟದ ಚಾವಡಿ' ಅನ್ನಿ.

ಸಾಲದ ಪದಗಳ ಜಗಳ ನಡೆದಿದೆಯಲ್ಲ, ಅದಕ್ಕೂ ಒಂದು ಮಾತು. ಮದುವೆ ಛತ್ರದ ಬೋರ್ಡುಗಳಲ್ಲಿ 'ಚೌಲ್ಟ್ರಿ' ಅಂತ ಇರುತ್ತದಲ್ಲ, ಅದು ಈ ಚಾವಡಿಯೇ. ದಕ್ಷಿಣದ ಭಾಷೆಗಳಲ್ಲಿದ್ದ ಪದವನ್ನು ಇಂಗ್ಲಿಷರು ಎತ್ತಿಕೊಂಡರು, ತಮಗೆ ಬಂದ ಹಾಗೆ ಉಚ್ಚರಿಸಿದರು. ನಾವು ಅದನ್ನು ಇಂಗ್ಲಿಷ್ ಅಂತ ತಿಳಿದು ವಾಪಸ್ ತಂದು ಗೋಡೆಗೆ ಬರೆದೆವು. ನಮ್ಮ ಪದವನ್ನೇ ನಾವು ಸಾಲ ತಂದಿದ್ದೇವೆ. ಇದನ್ನು ನೋಡಿದಾಗಲೆಲ್ಲ ನನಗೆ ಹೊಟ್ಟೆ ಉರಿಯುತ್ತದೆ.

ಭದ್ರಾವತಿಯಿಂದ

ಚಾವಡಿ ಅಂದರೆ ನಾಲ್ಕು ಕಂಬ, ಎರಡು ಬೆಂಚು. ಅಂತಾರಾಷ್ಟ್ರೀಯ ಮಟ್ಟದ ವಾಲಿಬಾಲ್ ಪಂದ್ಯಕ್ಕೆ ನೆಲದಿಂದ 12.5 ಮೀಟರ್ ಎತ್ತರದವರೆಗೆ ಏನೂ ಅಡ್ಡ ಇರಬಾರದು. ಅಷ್ಟು ಎತ್ತರದ ಕಟ್ಟಡವನ್ನು ಚಾವಡಿ ಅಂದರೆ ಜನ ಏನೆಂದುಕೊಳ್ಳುತ್ತಾರೆ?

ಶಿವಮೊಗ್ಗದಿಂದ

ಎಲ್ಲರಿಗೂ ಉತ್ತರ ಬರೆಯುತ್ತಿದ್ದೇನೆ. ನಾಳೆ ಶುಕ್ರವಾರ.

ಭದ್ರಾವತಿ ಸಾರ್, ಎತ್ತರದ ವಿಷಯ. ಟೋಕಿಯೋದಲ್ಲಿ ಬುಡೊಕಾನ್ ಇದೆ. 1964ರ ಒಲಿಂಪಿಕ್ಸ್‌ನ ಜೂಡೋಗೆ ಅಂತ ಕಟ್ಟಿದ್ದು. 1966ರಲ್ಲಿ ಬೀಟಲ್ಸ್ ಅಲ್ಲೇ ಹಾಡಿದರು. ಸಮರಕಲೆಯ ಜಾಗದಲ್ಲಿ ಈ ಹಾಡೇನು ಅಂತ ಆಗ ವಿರೋಧವೂ ಬಂತು. ಈಗ ಅಲ್ಲಿ ಹಾಡುವುದೇ ದೊಡ್ಡ ಗೌರವ. ಹೆಸರಿನ ಅರ್ಥ ಏನು? ಬುಡೊ ಅಂದರೆ ಸಮರಕಲೆ, ಕಾನ್ ಅಂದರೆ ಸುಮ್ನೆ ಮನೆ, ಭವನ ಅಂತ. ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ ನೋಡಿ. 'ಐಸ್ ಹಾಕಿ' ಪಂದ್ಯ ನಡೆದ ಮಂಜುಗಡ್ಡೆಯ ಮೇಲೇ ಹಲಗೆ ಹಾಸಿ ಬ್ಯಾಸ್ಕೆಟ್‌ಬಾಲ್ ಆಡಿಸುತ್ತಾರೆ, ಮರುದಿನ ಸಂಗೀತ. ಅದು ತೋಟವೂ ಅಲ್ಲ, 1968ರಲ್ಲಿ ಕಟ್ಟಿದ ಈಗಿನ ಕಟ್ಟಡ ಹೆಸರಿನಲ್ಲಿರುವ ಮ್ಯಾಡಿಸನ್ ಚೌಕದ ಹತ್ತಿರವೂ ಇಲ್ಲ. ಆದರೂ ಹೆಸರು ನಿಂತಿದೆ. ಚಾವಡಿ ದೊಡ್ಡದಾಗಬಾರದು ಅಂತ ಏನಿದೆ?

ನಿನ್ನೆ ಸಂಜೆ ಕಟ್ಟಡಕ್ಕೆ ಹೋಗಿದ್ದೆ. ಮಾಲೀಕರ ತಾಯಿ ಬಂದಿದ್ದರು, ಹೊಸನಗರದ ಕಡೆಯವರು. ಒಂದು ಹಾಳೆಯಲ್ಲಿ ಮೂರು ಹೆಸರು ದೊಡ್ಡದಾಗಿ ಬರೆದು ತೋರಿಸಿದೆ. 'ಕಣ' ನೋಡಿ, "ಇಲ್ಲಿ ಎಂತ ಒಕ್ಕುತ್ತೀರಿ?" ಅಂದರು. 'ಸೂರಂಗಳ'ವನ್ನು ಎರಡು ಸಲ ಓದಿ ಕನ್ನಡಕ ತೆಗೆದು ಒರೆಸಿಕೊಂಡರು, ಏನೂ ಹೇಳಲಿಲ್ಲ. 'ಆಟದ ಚಾವಡಿ' ಓದಿದ ಕೂಡಲೇ ಕೇಳಿದರು: "ಯಾವ ಮೇಳದ್ದು ಆಟ?"

ನನಗೆ ಆ ಪ್ರಶ್ನೆ ಕೇಳಿ ಖುಷಿಯೂ ಆಯಿತು, ಭಯವೂ ಆಯಿತು. ಯಕ್ಷಗಾನ ಮಾತ್ರ ಅಂತ ಜನ ತಿಳಿದರೆ ಕಷ್ಟ. ಅಷ್ಟರಲ್ಲಿ ಒಳಗೆ ಶಟಲ್ ಆಡುತ್ತಿದ್ದ ಎರಡು ಹುಡುಗಿಯರು ನೀರು ಕುಡಿಯಲು ಹೊರಗೆ ಬಂದರು, ಹಾಳೆ ನೋಡಿದರು. ಒಬ್ಬಳು ಅಂದಳು, "ಆಂಟಿ, ಆಟ ಅಂದ್ರೆ ನಮ್ಮದೇ ಅಲ್ವಾ?" ಅಜ್ಜಿಗೆ ಅಜ್ಜಿಯ ಆಟ ಕಂಡಿತು, ಹುಡುಗಿಗೆ ಅವಳದ್ದು. ನನಗೆ ಅಷ್ಟು ಸಾಕು. ಮಾಲೀಕರೂ ಒಪ್ಪಿದರು. ಮೇಲೆ ದೊಡ್ಡದಾಗಿ 'ಆಟದ ಚಾವಡಿ'. ಗೊತ್ತಿಲ್ಲದವರಿಗೆ ಕೆಳಗೆ ಸಣ್ಣ ಅಕ್ಷರದಲ್ಲಿ 'ಒಳಾಂಗಣ ಕ್ರೀಡೆ, ಸಂಗೀತ'. ತೀರ್ಥಹಳ್ಳಿ ಮೇಷ್ಟ್ರು ಆ ಒಂದು ದೀರ್ಘವನ್ನು ಕ್ಷಮಿಸಬೇಕು.

ಕೊನೆಯದಾಗಿ ಒಂದು. ಹುಡುಗ ಫೋನ್ ಮಾಡಿದ್ದಾನೆ. ಕೂಡಿಸಿ ಬರೆಯಲಾ, ಬಿಡಿಸಿ ಬರೆಯಲಾ ಅಂತ ಕೇಳುತ್ತಿದ್ದಾನೆ. ಕೂಡಿಸಿದರೆ ಅಕ್ಷರ ಸ್ವಲ್ಪ ದೊಡ್ಡದು ಮಾಡಬಹುದಂತೆ.

ತೀರ್ಥಹಳ್ಳಿಯಿಂದ

ಕ್ಷಮಿಸುವುದಿಲ್ಲ. 'ಒಳಂಗಣ' ಅಂತಲೇ ಹಾಕಿಸು.

ಆಟದ, ಚಾವಡಿ. ಷಷ್ಠಿ ವಿಭಕ್ತಿ ಲೋಪವಾಗಿಲ್ಲ, ಆದ್ದರಿಂದ ಎರಡು ಪದ. ನಡುವೆ ಒಂದು ಅಕ್ಷರದಷ್ಟು ಜಾಗ ಬಿಡಲಿ.