ಹೊಸ ಫೋನ್‌ನಲ್ಲಿರುವ ಆಟದ ತೋಟವನ್ನು 2018ರ ಹಳೇ ಫೋನ್‌ಗೆ ತರುವುದು ಹೇಗೆ?

ಶಿಡ್ಲಘಟ್ಟದ ಗೂಡು

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತಿದ್ದೇನೆ, ಬೇಸರ ಮಾಡಿಕೊಳ್ಳದೆ ಓದಿ.

ನಮ್ಮದು ಶಿಡ್ಲಘಟ್ಟದ ಹತ್ತಿರ ಒಂದು ಹಳ್ಳಿ. ಮನೆಯಲ್ಲಿ ರೇಷ್ಮೆ ಸಾಕುತ್ತೇವೆ. ಚಾಕಿ ಹುಳು (ಮರಿ ಹುಳು) ತರುವುದು ಎರಡನೇ ಜ್ವರ ಎದ್ದ ಮೇಲೆ. ಜ್ವರ ಅಂದರೆ ಹುಳು ಪೊರೆ ಕಳಚುವ ಹೊತ್ತು. ಹಾಗಾಗಿ ಒಂದು ಬೆಳೆಯಲ್ಲಿ ಮೂರನೇ ಜ್ವರ, ನಾಲ್ಕನೇ ಜ್ವರ ಎರಡನ್ನು ನಮ್ಮ ಮನೆಯಲ್ಲೇ ನೋಡುತ್ತೇವೆ. ಹುಳು ಜ್ವರಕ್ಕೆ ಕೂತರೆ ಸೊಪ್ಪು ತಿನ್ನುವುದಿಲ್ಲ. ನಮಗೆ ಹೆಚ್ಚುಕಮ್ಮಿ ಒಂದು ದಿನ ಬಿಡುವು. ಆ ಬಿಡುವಿನಲ್ಲಿ ನಾನು ಮತ್ತು ನನ್ನ ಮಗಳು ಫೋನ್‌ನಲ್ಲಿ ಸ್ಟಾರ್‌ಡ್ಯೂ ವ್ಯಾಲಿ ಆಡುತ್ತೇವೆ. ಅವಳು ಆರನೇ ಕ್ಲಾಸು. ಆಟದಲ್ಲಿ ಕನ್ನಡ ಇಲ್ಲ. ಅವಳು ಇಂಗ್ಲಿಷ್ ಓದಿ ನನಗೆ ಹೇಳುತ್ತಾಳೆ, ಬೀಜ ಯಾವುದು ಹಾಕಬೇಕು ಅಂತ ನಾನು ಹೇಳುತ್ತೇನೆ. ಶುರುವಿನಲ್ಲಿ ಒಂದೊಂದೇ ಅಕ್ಷರ ಕೂಡಿಸಿ ಓದುತ್ತಿದ್ದಳು. ಈಗ ನಾನು ಸೊಪ್ಪು ಹೆಚ್ಚುತ್ತಾ ಕೂತಿದ್ದರೆ ಗಡಗಡ ಓದಿಬಿಡುತ್ತಾಳೆ.

ಗೊತ್ತಿಲ್ಲದವರಿಗೆ ಹೇಳುತ್ತೇನೆ. ಆಟ ಶುರುವಾಗುವುದೇ ತಾತ ಬಿಟ್ಟುಹೋದ ತೋಟದಿಂದ. ತಾತ ಒಂದು ಪತ್ರ ಬರೆದಿಟ್ಟಿರುತ್ತಾನೆ. ಮೊದಲ ದಿನ ಅದನ್ನು ನೋಡಿದಾಗ ನನ್ನ ಅಪ್ಪ ತೀರಿಕೊಂಡು ಎರಡು ತಿಂಗಳಾಗಿತ್ತು. ಮಗಳು ನನ್ನನ್ನು ಕೇಳಲೂ ಇಲ್ಲ, ತೋಟಕ್ಕೆ ‘ಕೆರೆಕೋಡಿ’ ಅಂತ ಹೆಸರಿಟ್ಟಳು. ಅದು ಅಪ್ಪನ ಹೊಲದ ಹೆಸರು. ಈಗ ಆ ತೋಟಕ್ಕೆ ನಾಲ್ಕನೇ ವರ್ಷ. ಗ್ರೀನ್‌ಹೌಸ್ ಇದೆ, ಎಂಟು ಕೋಳಿ, ಎರಡು ಹಸು. ಕೋಳಿಗಳಿಗೆಲ್ಲ ನಮ್ಮ ಅತ್ತೆಯಂದಿರ ಹೆಸರು.

ಈಗ ವಿಷಯಕ್ಕೆ ಬರುತ್ತೇನೆ. ಯಜಮಾನರ ಫೋನ್ ನೀರಿಗೆ ಬಿದ್ದು ಹೋಯಿತು. ಗೂಡಿನ ದುಡ್ಡು ಬ್ಯಾಂಕಿಗೆ ಬರುತ್ತೆ, ಮೆಸೇಜು, ಓಟಿಪಿ ಎಲ್ಲ ನೋಡಬೇಕು. ಹೀಗಾಗಿ ನನ್ನ ಫೋನ್ (ಆಂಡ್ರಾಯ್ಡ್ 14) ಭಾನುವಾರದಿಂದ ಅವರಿಗೆ. ನನಗೆ ಬೀರುವಿನಲ್ಲಿದ್ದ 2018ರ ಫೋನ್. ಅದರಲ್ಲಿ ಆಂಡ್ರಾಯ್ಡ್ 9 ಇದೆ, 3 ಜಿಬಿ ರ‍್ಯಾಮ್. ಅದಕ್ಕೆ ನನ್ನದೇ ಗೂಗಲ್ ಅಕೌಂಟ್ ಹಾಕಿದೆ. ಆಟ ಮತ್ತೆ ದುಡ್ಡು ಕೇಳದೆ ಇಳಿಯಿತು. ತೆರೆದರೆ ತೋಟ ಇಲ್ಲ! ಹೊಸದಾಗಿ ಶುರು ಮಾಡು ಅಂತ ಮಾತ್ರ ತೋರಿಸುತ್ತದೆ. ಗೂಗಲ್ ಬ್ಯಾಕಪ್ ಆನ್ ಇತ್ತು. ಹಾಗಾದರೆ ತೋಟ ಎಲ್ಲಿದೆ? ಹೊಸದರಿಂದ ಹಳೆಯದಕ್ಕೆ ತರುವುದು ಆಗುತ್ತದಾ? ಹುಡುಕಿದರೆ ಎಲ್ಲರೂ ಹಳೇ ಫೋನ್‌ನಿಂದ ಹೊಸದಕ್ಕೆ ಹೋಗುವುದನ್ನೇ ಹೇಳುತ್ತಾರೆ. ನನ್ನದು ಉಲ್ಟಾ.

ಮಗಳಿಗೆ ಇನ್ನೂ ಹೇಳಿಲ್ಲ. ದಯವಿಟ್ಟು ಗೊತ್ತಿದ್ದವರು ತಿಳಿಸಿ.

ಕೋಲಾರ ಟೊಮೆಟೊ ಮಂಡಿ

ಅಕ್ಕಾ, ಮೊದಲು ಒಂದು ಮಾತು. ಹೊಸ ಫೋನ್‌ನಲ್ಲಿ ಆಟವನ್ನು ಅನ್‌ಇನ್‌ಸ್ಟಾಲ್ ಮಾಡಬೇಡಿ. ಏನೂ ಮುಟ್ಟಬೇಡಿ.

ನನ್ನ ತಮ್ಮ ಕ್ಲಾಶ್ ಆಫ್ ಕ್ಲಾನ್ಸ್ ಆಡುತ್ತಾನೆ. ಹೋದ ವರ್ಷ ಅವನದೂ ಹೀಗೇ, ಹೊಸದು ಒಡೆದು ಹಳೆಯದಕ್ಕೆ ಬಂದ. ಐದು ನಿಮಿಷದ ಕೆಲಸ ಆಯಿತು. ಸೂಪರ್‌ಸೆಲ್ ಐಡಿಗೆ ಈಮೇಲ್ ಕೊಟ್ಟ, ಈಮೇಲ್‌ಗೆ ಕೋಡ್ ಬಂತು, ಹಾಕಿದ, ಊರು ಬಂತು. ಯಾಕಂದರೆ ಅವನ ಊರು ಫೋನ್‌ನಲ್ಲಿ ಇರಲೇ ಇಲ್ಲ, ಕಂಪನಿಯ ಸರ್ವರ್‌ನಲ್ಲಿತ್ತು. ಅಂಥ ಆಟಕ್ಕೆ ಫೋನ್ ಹಳೆಯದೋ ಹೊಸದೋ ಲೆಕ್ಕಕ್ಕಿಲ್ಲ, ಆಟ ಇನ್‌ಸ್ಟಾಲ್ ಆದರೆ ಸಾಕು. ನಿಮ್ಮ ಆಟ ನೆಟ್ ಇಲ್ಲದೆ ನಡೆಯುತ್ತದಾ? ನಡೆಯುತ್ತೆ ಅಂದರೆ ತೋಟ ಫೋನ್ ಒಳಗೇ ಇದೆ ಅಂತ ಅರ್ಥ.

ಗೌರಿಬಿದನೂರು ಎಕ್ಸ್‌ಪ್ರೆಸ್

ಫೋನ್ ಕ್ಲೋನ್ ಆಪ್ ಹಾಕಿ ನೋಡಿ. ಎಲ್ಲಾ ಬರುತ್ತೆ.

ಕ್ಯಾತ್ಸಂದ್ರ ಜೆರಾಕ್ಸ್

ಎಲ್ಲಾ ಬರಲ್ಲ ಸರ್. ನಾನು ಮಾಡಿ ನೋಡಿದ್ದೇನೆ. ಆಪ್ ಬಂತು, ಫೋಟೋ ಬಂತು, ಆಟದ ಒಳಗಿನದು ಬರಲಿಲ್ಲ. ಅದೂ ಮೇಲಿನ ಆಂಡ್ರಾಯ್ಡ್‌ನಿಂದ ಕೆಳಗಿನದಕ್ಕೆ ಅಂದರೆ ಇನ್ನೂ ಕಷ್ಟ. ಗೂಗಲ್ ತನ್ನ ಸಹಾಯ ಪುಟದಲ್ಲೇ ಬರೆದಿದೆ: ಹೆಚ್ಚಿನ ವರ್ಷನ್‌ನ ಬ್ಯಾಕಪ್ಪನ್ನು ಕಡಿಮೆ ವರ್ಷನ್ ಇರುವ ಫೋನ್‌ಗೆ ಮರಳಿಸಲು ಆಗುವುದಿಲ್ಲ. ಐಫೋನ್‌ನಲ್ಲೂ ಇದೇ ಕಥೆ. ಅಕ್ಕ ಕೇಳಿದ ‘ಬ್ಯಾಕಪ್ ಆನ್ ಇತ್ತಲ್ಲ’ ಅನ್ನುವುದಕ್ಕೆ ಉತ್ತರ ಇದೇ. ನಿಮ್ಮ ತಪ್ಪೇನೂ ಇಲ್ಲ.

ನಾನು ತುಮಕೂರಿನ ಕ್ಯಾತ್ಸಂದ್ರದಲ್ಲಿ ಜೆರಾಕ್ಸ್ ಅಂಗಡಿ ನೋಡಿಕೊಳ್ಳುತ್ತೇನೆ. ಈ ವಿಷಯ ನನಗೆ ಮನಸ್ಸಿಗೆ ಹತ್ತಿರದ್ದು, ಅದಕ್ಕೇ ಬಿಡಿಸಿ ಬರೆಯುತ್ತೇನೆ. ಕೆಲವು ವರ್ಷದ ಹಿಂದೆ ನಾನು, ನನ್ನ ತಂಗಿ ಮೈನ್‌ಕ್ರಾಫ್ಟ್‌ನಲ್ಲಿ ಒಂದು ಕೋಟೆ ಕಟ್ಟಿದ್ದೆವು. ಲಾಕ್‌ಡೌನ್ ಪೂರ್ತಿ ಕಟ್ಟಿದ್ದು. ಫೋನ್ ನಿಧಾನ ಆಯಿತು ಅಂತ ಒಂದು ಅಂಗಡಿಗೆ ಕೊಟ್ಟೆ. ಅವರು ಆಟ ತೆಗೆದು ಮತ್ತೆ ಹಾಕಿದರು. ಸೇವ್ ಆಗುವ ಜಾಗ ಆಪ್‌ನ ಸ್ವಂತ ಫೋಲ್ಡರ್ ಆಗಿತ್ತು. ಆಪ್ ತೆಗೆದರೆ ಅದರ ಫೋಲ್ಡರ್ ಕೂಡ ಅಳಿಸಿಹೋಗುತ್ತದೆ. ಕೋಟೆ ಹೋಯಿತು. ತಂಗಿ ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ. ಆ ಫೋಲ್ಡರ್ ಎಲ್ಲಿರುತ್ತೆ ಅಂತ ಅವತ್ತು ನನಗೆ ಯಾರಾದರೂ ಹೇಳಿದ್ದರೆ ಅನ್ನಿಸುತ್ತೆ. ಅದಕ್ಕೆ ಈಗ ನಿಮಗೆ ಹೇಳುತ್ತಿದ್ದೇನೆ.

ಸ್ಟಾರ್‌ಡ್ಯೂಗೆ ಆಂಡ್ರಾಯ್ಡ್‌ನಲ್ಲಿ ಕ್ಲೌಡ್ ಸೇವ್ ಇಲ್ಲ. ತೋಟ ಫೋನ್ ಮೆಮೊರಿಯಲ್ಲೇ ಇದೆ. ಆಂಡ್ರಾಯ್ಡ್ ಅನ್ನುವ ಫೋಲ್ಡರ್, ಅದರೊಳಗೆ ಡೇಟಾ, ಅದರೊಳಗೆ ‘ಕಾಮ್.ಚಕಲ್‌ಫಿಶ್.ಸ್ಟಾರ್‌ಡ್ಯೂವ್ಯಾಲಿ’. ಚಕಲ್‌ಫಿಶ್ ಅಂದರೆ ಮೊದಲು ಆಟವನ್ನು ಹೊರತಂದ ಕಂಪನಿ, ಹೆಸರು ಹಾಗೇ ಉಳಿದಿದೆ. ಅದರೊಳಗೆ ಫೈಲ್ಸ್, ಆಮೇಲೆ ಸೇವ್ಸ್. ಅಲ್ಲಿ ನಿಮ್ಮ ಆಟಗಾರನ ಹೆಸರು, ಒಂದು ಅಡ್ಡಗೆರೆ, ಉದ್ದನೆಯ ಸಂಖ್ಯೆ ಇರುವ ಫೋಲ್ಡರ್ ಸಿಗುತ್ತದೆ. ಅದೇ ಕೆರೆಕೋಡಿ.

ಹೊಸ ಫೋನ್‌ನಲ್ಲಿ ಫೈಲ್ ಮ್ಯಾನೇಜರ್‌ನಿಂದ ನೋಡಲು ಹೋದರೆ ಸಿಗುವುದಿಲ್ಲ. ಆಂಡ್ರಾಯ್ಡ್ 11ರಿಂದ ಈ ಡೇಟಾ ಫೋಲ್ಡರ್‌ಗೆ ಬೀಗ ಹಾಕಿದ್ದಾರೆ, ಒಂದು ಆಪ್ ಇನ್ನೊಂದರ ಮನೆಗೆ ನುಗ್ಗಬಾರದು ಅಂತ. ಆದರೆ ಕೇಬಲ್ ಹಾಕಿ ಲ್ಯಾಪ್‌ಟಾಪ್‌ನಿಂದ ನೋಡಿದರೆ ಸಾಮಾನ್ಯವಾಗಿ ಕಾಣುತ್ತದೆ. ನಿಮ್ಮ ಹಳೇ ಫೋನ್ ಆಂಡ್ರಾಯ್ಡ್ 9, ಅದಕ್ಕೆ ಆ ಬೀಗವೇ ಇಲ್ಲ. ತುಂಬುವ ಕೆಲಸ ಅಲ್ಲಿ ಸಲೀಸು.

ಒಂದು ವಿಷಯ ಮಾತ್ರ ಮೊದಲೇ ನೋಡಿ. ಎರಡೂ ಫೋನ್‌ನಲ್ಲಿ ಸೆಟ್ಟಿಂಗ್ಸ್‌ಗೆ ಹೋಗಿ, ಆಪ್ಸ್‌ನಲ್ಲಿ ಆಟವನ್ನು ಒತ್ತಿ, ಕೆಳಗೆ ವರ್ಷನ್ ಸಂಖ್ಯೆ ಇರುತ್ತೆ. ಒಂದೇ ಇರಬೇಕು. ಮೊಬೈಲ್‌ಗೆ 1.6 ಬಂದದ್ದು 2024ರ ನವೆಂಬರ್‌ನಲ್ಲಿ. 1.6ರಲ್ಲಿ ಸೇವ್ ಆದ ತೋಟ 1.5ರಲ್ಲಿ ತೆರೆಯುವುದಿಲ್ಲ. ಹಳೇ ಫೋನ್‌ಗಳಿಗೆ ಪ್ಲೇ ಸ್ಟೋರ್ ಕೆಲವು ಆಪ್‌ಗಳ ಹಳೇ ವರ್ಷನ್ ಕೊಡುತ್ತದೆ, ಅದಕ್ಕೇ ಹೇಳುತ್ತಿದ್ದೇನೆ.

ಸಂಖ್ಯೆ ಒಂದೇ ಇದ್ದರೆ ಹೀಗೆ ಮಾಡಿ. ಹೊಸ ಫೋನ್‌ನ ಆಟದಲ್ಲಿ ಹಾಸಿಗೆಗೆ ಹೋಗಿ ಮಲಗಿ ದಿನ ಮುಗಿಸಿ, ಸೇವ್ ಆಗುವುದು ಆಗಲೇ. ಆಟ ಮುಚ್ಚಿ. ಹಳೇ ಫೋನ್‌ನಲ್ಲಿ ಸುಮ್ನೆ ಒಂದು ಹೊಸ ತೋಟ ಶುರು ಮಾಡಿ ಒಂದು ರಾತ್ರಿ ಮಲಗಿಸಿ, ಆಗ ಸೇವ್ಸ್ ಫೋಲ್ಡರ್ ತಾನೇ ಹುಟ್ಟುತ್ತದೆ. ಆಮೇಲೆ ಕೇಬಲ್. ಹೊಸದರಿಂದ ಲ್ಯಾಪ್‌ಟಾಪ್‌ಗೆ ಕಾಪಿ, ಲ್ಯಾಪ್‌ಟಾಪ್‌ನಿಂದ ಹಳೆಯದಕ್ಕೆ ಕಾಪಿ. ಕಟ್ ಮಾಡಬೇಡಿ, ಕಾಪಿ ಮಾತ್ರ. ಲ್ಯಾಪ್‌ಟಾಪ್‌ನಲ್ಲಿ ಒಂದು ಪ್ರತಿ ಉಳಿಯಲಿ.

ಶಿಡ್ಲಘಟ್ಟದ ಗೂಡು

ಅಣ್ಣಾ, ತುಂಬಾ ಥ್ಯಾಂಕ್ಸ್. ನಿಮ್ಮ ಕೋಟೆ ವಿಷಯ ಓದಿ ಬೇಜಾರಾಯಿತು.

ವರ್ಷನ್ ನೋಡಿದೆ, ಎರಡರಲ್ಲೂ ಒಂದೇ ಸಂಖ್ಯೆ, 1.6ರಿಂದಲೇ ಶುರುವಾಗುತ್ತದೆ. ಪಕ್ಕದ ಮನೆಯ ಹುಡುಗ ಡಿಪ್ಲೊಮಾ ಓದುತ್ತಾನೆ, ಲ್ಯಾಪ್‌ಟಾಪ್ ಕೊಟ್ಟ. ಆದರೆ ಕೇಬಲ್ ಹಾಕಿದರೆ ಚಾರ್ಜ್ ಆಗುತ್ತಿದೆ ಅಷ್ಟೇ. ಲ್ಯಾಪ್‌ಟಾಪ್‌ನಲ್ಲಿ ಫೋನ್ ಕಾಣಿಸುತ್ತಲೇ ಇಲ್ಲ. ಇವತ್ತು ಗುರುವಾರ. ಹುಳು ಮೂರನೇ ಜ್ವರದಿಂದ ನಾಳೆ ಏಳುತ್ತವೆ, ಆಮೇಲೆ ನನಗೆ ಕೈ ಬಿಡುವಿಲ್ಲ.

ಕೋಲಾರ ಟೊಮೆಟೊ ಮಂಡಿ

ಕೇಬಲ್ ಬದಲಾಯಿಸಿ ಅಕ್ಕಾ. ಕೆಲವು ಕೇಬಲ್‌ನಲ್ಲಿ ಕರೆಂಟಿನ ತಂತಿ ಮಾತ್ರ ಇರುತ್ತೆ, ಡೇಟಾ ತಂತಿ ಇರಲ್ಲ. ಫೋನ್ ಜೊತೆ ಡಬ್ಬದಲ್ಲಿ ಬಂದಿದ್ದು ಇದ್ದರೆ ಅದನ್ನೇ ಹಾಕಿ.

ಕ್ಯಾತ್ಸಂದ್ರ ಜೆರಾಕ್ಸ್

ಹೌದು, ಕೇಬಲ್ ಮೊದಲು. ಆಮೇಲೆ ಫೋನಿನ ಲಾಕ್ ತೆಗೆದು ಪರದೆ ಮೇಲಿಂದ ಕೆಳಗೆ ಎಳೆಯಿರಿ. ಯುಎಸ್‌ಬಿ ಅಂತ ಒಂದು ನೋಟಿಫಿಕೇಶನ್ ಇರುತ್ತದೆ. ಅದನ್ನು ಒತ್ತಿ ‘ಫೈಲ್ ಟ್ರಾನ್ಸ್‌ಫರ್’ ಆರಿಸಿ. ಲಾಕ್ ಆಗಿದ್ದರೆ ಲ್ಯಾಪ್‌ಟಾಪ್‌ಗೆ ಫೋನ್ ಖಾಲಿ ಕಾಣುತ್ತದೆ, ಗಾಬರಿ ಬೇಡ. ಮತ್ತೆ ಇನ್ನೊಂದು: ಜಾಗ ಸಾಲದೆ ಹೋದರೆ ಕ್ಲಿಯರ್ ಕ್ಯಾಶ್ ಒತ್ತಬಹುದು. ಅದರ ಪಕ್ಕದಲ್ಲೇ ಕ್ಲಿಯರ್ ಡೇಟಾ ಇರುತ್ತೆ, ಅದನ್ನು ಮಾತ್ರ ಒತ್ತಬೇಡಿ. ಅದು ತೋಟವನ್ನೇ ಅಳಿಸುತ್ತದೆ.

ಶಿಡ್ಲಘಟ್ಟದ ಗೂಡು

ಕೇಬಲ್ಲೇ ಕಾರಣ! ಬೇರೆ ಕೇಬಲ್ ಹಾಕಿದೆವು, ಫೋಲ್ಡರ್ ಸಿಕ್ಕಿತು. ನೀವು ಹೇಳಿದ ಹಾಗೇ ‘ಪುಟ್ಟಿ’, ಒಂದು ಗೆರೆ, ಆಮೇಲೆ ಸಂಖ್ಯೆ. ಮಗಳು ಆಟದಲ್ಲಿ ಇಟ್ಟುಕೊಂಡ ಹೆಸರು ಅದು. ಅದನ್ನು ಲ್ಯಾಪ್‌ಟಾಪ್‌ನಲ್ಲಿ ನೋಡಿ ಹೇಗೋ ಆಯಿತು. ನಾಲ್ಕು ವರ್ಷದ ತೋಟ, ಹಿಡಿಯಷ್ಟು ಫೈಲು.

ಆದರೆ ಹಳೇ ಫೋನ್‌ಗೆ ಹಾಕಿದ ಮೇಲೂ ಆಟದಲ್ಲಿ ತೋರಿಸುತ್ತಿಲ್ಲ. ಆ ಹುಡುಗ ಫೋಲ್ಡರ್ ತೆರೆದು ಒಳಗಿದ್ದ ಫೈಲ್‌ಗಳನ್ನು ಸೇವ್ಸ್‌ಗೆ ಸುರಿದಿದ್ದಾನೆ. ಅದು ತಪ್ಪಾ?

ಕ್ಯಾತ್ಸಂದ್ರ ಜೆರಾಕ್ಸ್

ಅಲ್ಲೇ ಇರುವುದು ತೊಂದರೆ. ಒಳಗೆ ಎರಡು ಮುಖ್ಯ ಫೈಲ್ ಇರುತ್ತವೆ. ಒಂದಕ್ಕೆ ಫೋಲ್ಡರ್‌ನದೇ ಹೆಸರು, ಇನ್ನೊಂದು ‘ಸೇವ್‌ಗೇಮ್‌ಇನ್ಫೋ’. ಎರಡೂ ಆ ಫೋಲ್ಡರ್ ಒಳಗೇ ಇರಬೇಕು, ಫೋಲ್ಡರ್ ಹೆಸರು ಒಂದಕ್ಷರವೂ ಬದಲಾಗಬಾರದು. ಸುರಿದದ್ದನ್ನು ಹಳೇ ಫೋನ್‌ನಿಂದ ಅಳಿಸಿ. ಲ್ಯಾಪ್‌ಟಾಪ್‌ನಲ್ಲಿರುವ ಪೂರ್ತಿ ಫೋಲ್ಡರನ್ನು ಹಿಡಿದು ಸೇವ್ಸ್ ಒಳಗೆ ಇಡಿ. ಆಟವನ್ನು ಪೂರ್ತಿ ಮುಚ್ಚಿ ತೆರೆಯಿರಿ.

ಶಿಡ್ಲಘಟ್ಟದ ಗೂಡು

ಬಂತು!!

ರಾತ್ರಿ ಹತ್ತೂವರೆ. ಮಗಳನ್ನು ಎಬ್ಬಿಸಿಬಿಟ್ಟೆ, ತಡೆಯಲು ಆಗಲಿಲ್ಲ. ಮೊದಲು ಕೋಳಿಮನೆಗೆ ಓಡಿದಳು. ಎಂಟೂ ಇವೆ, ಹೆಸರು ಸಮೇತ. ಆಮೇಲೆ ತಾತನ ಗುಡಿಯ ಹತ್ತಿರ ಹೋಗಿ ನಿಂತಳು. ಆಟದಲ್ಲಿ ತೋಟದ ಮೂಲೆಯಲ್ಲಿ ತಾತನಿಗೆ ಒಂದು ಚಿಕ್ಕ ಗುಡಿ ಇದೆ. ಮೂರನೇ ವರ್ಷದ ಮೊದಲ ದಿನ ತಾತ ಬಂದು ತೋಟ ನೋಡಿ ಹೋಗುತ್ತಾನೆ, ಅವತ್ತು ಹತ್ತಿದ ದೀಪಗಳು ಹಾಗೇ ಉರಿಯುತ್ತಿವೆ. ಇವಳಿಗೆ ಆ ದೀಪದ್ದೇ ಚಿಂತೆ ಇತ್ತಂತೆ. ನಾನು ಏನೂ ಹೇಳಿರಲಿಲ್ಲ, ಆದರೂ ಫೋನ್ ಬದಲಾಗುತ್ತದೆ ಅಂತ ಅವಳಿಗೆ ಗೊತ್ತಿತ್ತು. ಕೇಳಿದರೆ ನನಗೆ ಬೇಜಾರಾಗುತ್ತೆ ಅಂತ ಸುಮ್ಮನಿದ್ದಳಂತೆ.

ಹಳೇ ಫೋನ್ ಸ್ವಲ್ಪ ನಿಧಾನ. ರಾತ್ರಿ ಮಲಗಿದಾಗ ಸೇವ್ ಆಗಲು ಜಾಸ್ತಿ ಹೊತ್ತು ಹಿಡಿಯುತ್ತದೆ. ಮಳೆ ಬಂದ ದಿನ ಪರದೆ ತಡವರಿಸುತ್ತದೆ. ಪರವಾಗಿಲ್ಲ, ಆಡಬಹುದು. ಬೇಸಿಗೆ ಬೆಳೆಗೆ ಟೊಮೆಟೊ ಹಾಕಿದ್ದೇವೆ. ಆಟದಲ್ಲಿ ಹನ್ನೊಂದು ದಿನಕ್ಕೆ ಹಣ್ಣು, ಆಮೇಲೆ ನಾಲ್ಕು ದಿನಕ್ಕೊಮ್ಮೆ ಕೊಯ್ಲು. ಅಪ್ಪ ಇದ್ದಿದ್ದರೆ ನಂಬುತ್ತಿರಲಿಲ್ಲ, ಅವರ ಹೊಲದಲ್ಲಿ ನಾಟಿ ಹಾಕಿ ಎರಡು ತಿಂಗಳಾದರೂ ಕಾಯಬೇಕಿತ್ತು.

ನಿಮ್ಮಿಬ್ಬರ ಉಪಕಾರ ದೊಡ್ಡದು. ಈ ಕಡೆ ಬಂದರೆ ಮನೆಗೆ ಬನ್ನಿ.

ಕೋಲಾರ ಟೊಮೆಟೊ ಮಂಡಿ

ಓದಿ ಖುಷಿ ಆಯಿತು ಅಕ್ಕಾ. ಹನ್ನೊಂದು ದಿನಕ್ಕೆ ಟೊಮೆಟೊ ಬಂದರೆ ನಮ್ಮ ಮಂಡಿಯಲ್ಲಿ 15 ಕೆಜಿ ಬಾಕ್ಸ್ ಇಡಲು ಜಾಗ ಇರಲ್ಲ.

ಕ್ಯಾತ್ಸಂದ್ರ ಜೆರಾಕ್ಸ್

ಅಕ್ಕಾ, ಭಾನುವಾರ ಫೋನ್ ಕೊಡುವ ಮುಂಚೆ ಎರಡು ಮಾತು. ಹಳೇ ಫೋನ್‌ನಲ್ಲಿ ಇನ್ನೂ ಎರಡು ದಿನ ಆಡಿ ನೋಡಿ, ಸೇವ್ ಆಗಿ ಮತ್ತೆ ತೆರೆಯುತ್ತಿದೆ ಅಂತ ಖಾತ್ರಿ ಆಗಲಿ. ಆಮೇಲೆ ಹೊಸದನ್ನು ಅಳಿಸಿ. ಅಳಿಸುವ ಮುಂಚೆ ಸೆಟ್ಟಿಂಗ್ಸ್‌ನಲ್ಲಿ ನಿಮ್ಮ ಗೂಗಲ್ ಅಕೌಂಟ್ ತೆಗೆಯಿರಿ. ತೆಗೆಯದೆ ರಿಕವರಿಯಿಂದ ರೀಸೆಟ್ ಮಾಡಿದರೆ, ಫೋನ್ ಆನ್ ಆದಾಗ ನಿಮ್ಮ ಪಾಸ್‌ವರ್ಡನ್ನೇ ಕೇಳುತ್ತದೆ. ಯಜಮಾನರು ಮಾರ್ಕೆಟ್‌ನಲ್ಲಿ ನಿಂತು ಒದ್ದಾಡುವುದು ಬೇಡ.

ಆ ಹುಡುಗನ ಲ್ಯಾಪ್‌ಟಾಪ್‌ನಲ್ಲಿರುವ ಪ್ರತಿಯನ್ನು ಒಂದು ಪೆನ್ ಡ್ರೈವ್‌ಗೂ ಹಾಕಿಸಿಕೊಳ್ಳಿ. ಏಳೆಂಟು ವರ್ಷದ ಫೋನ್, ಬ್ಯಾಟರಿ ಯಾವಾಗ ಕೈಕೊಡುತ್ತೋ.

ಶಿಡ್ಲಘಟ್ಟದ ಗೂಡು

ಶನಿವಾರ ರಾತ್ರಿ ಅಕೌಂಟ್ ತೆಗೆದೆ, ರೀಸೆಟ್ ಮಾಡಿದೆ. ಫೋನ್ ಈಗ ಅವರ ಜೇಬಿನಲ್ಲಿದೆ. ಪೆನ್ ಡ್ರೈವ್ ಮಗಳು ತನ್ನ ಜಾಮಿಟ್ರಿ ಬಾಕ್ಸ್‌ನಲ್ಲಿ ಇಟ್ಟುಕೊಂಡಿದ್ದಾಳೆ. ಪ್ರತಿ ಬೆಳೆ ಗೂಡು ಮಾರಿದ ದಿನ ಒಂದು ಕಾಪಿ ತೆಗೆಯುವುದು ಅಂತ ಅವಳೇ ಗೋಡೆಯ ಕ್ಯಾಲೆಂಡರ್‌ನಲ್ಲಿ ಬರೆದಿದ್ದಾಳೆ. ನಾಲ್ಕನೇ ಜ್ವರಕ್ಕೆ ಹುಳು ನಾಳೆ ನಾಡಿದ್ದರಲ್ಲಿ ಕೂರುತ್ತವೆ. ಅವತ್ತು ಟೊಮೆಟೊ ಕೊಯ್ಯುತ್ತೇವೆ.