ಹಕ್ಕಲಾಯೋದು: ಆನ್ಯೆಸ್ ವಾರ್ದಾ ಡಾಕ್ಯುಮೆಂಟರಿಗೆ ಈ ಪದ ಆಗುತ್ತಾ?

ಎಲ್ರಿಗೂ ನಮಸ್ಕಾರ,

ಫ್ರಾನ್ಸಿನ ಆನ್ಯೆಸ್ ವಾರ್ದಾ 2000ದಲ್ಲಿ ಮಾಡಿದ ಡಾಕ್ಯುಮೆಂಟರಿ ಬಗ್ಗೆ ಬರೀತಿದೀನಿ, ಅದರ ಹೆಸರನ್ನ ಕನ್ನಡಕ್ಕೆ ತರೋದ್ರಲ್ಲೇ ನಿಂತೋಗಿದೀನಿ. ಫ್ರೆಂಚಲ್ಲಿ ‘ಲೆ ಗ್ಲಾನರ್ ಎ ಲಾ ಗ್ಲಾನೋಜ್’. ಗ್ಲಾನೇ ಅಂದ್ರೆ ಕೊಯ್ಲಾದ್ಮೇಲೆ ಹೊಲದಲ್ಲಿ ಬಿದ್ದಿರೋ ತೆನೆ, ಕಾಳು ಆಯ್ಕೊಳೋದು. ಮೊದ್ಲು ‘ಸಂಗ್ರಾಹಕರು’ ಅಂತ ಬರ್ದೆ, ಆದ್ರೆ ಅದು ನಾಣ್ಯ, ಸ್ಟಾಂಪು ಕೂಡಿಡೋರ ಮಾತಾಯ್ತು, ಹಸಿವೇ ಇಲ್ಲ ಅದ್ರಲ್ಲಿ. ಆಮೇಲೆ ‘ಹಕ್ಕಲು’ ನೆನಪಾಯ್ತು. ಕನ್ನಡ ಬೈಬಲ್ಲಿನ ರೂತಳ ಕಥೇಲಿ ಆಕೆ ಹಕ್ಕಲಾಯೋದಕ್ಕೇ ಹೊಲಕ್ಕೆ ಹೋಗೋದು, ಉತ್ತರ ಕರ್ನಾಟಕದ ಗೆಳೆಯರೊಬ್ರು ಶೇಂಗಾ ಕಿತ್ತ ಹೊಲದಲ್ಲಿ ‘ಹಕ್ಕಲಾ ಆರಸೋದು’ ಅಂತ ಈಗ್ಲೂ ಅಂತಾರೆ.

ಇನ್ನೊಂದು ಲಾಭ ಇದೆ. ಫ್ರೆಂಚ್ ಹೆಸರಲ್ಲಿ ಮೊದಲ್ನೇದು ಬಹುವಚನ, ಎರಡನೇದು ಒಬ್ಬಳೇ ಹೆಂಗಸು, ಅಂದ್ರೆ ವಾರ್ದಾನೇ. ಇಂಗ್ಲಿಷಲ್ಲಿ ಅದನ್ನ ‘ನಾನು’ ಅಂತ ಮಾಡಿದಾರೆ, ಹೆಂಗಸು ಅನ್ನೋದು ಬಿಟ್ಟೋಯ್ತು. ನಮ್ಮಲ್ಲಿ ‘ಹಕ್ಕಲಾಯುವವರು, ಹಕ್ಕಲಾಯುವವಳು’ ಅಂದ್ರೆ ಎರಡೂ ಉಳಿಯುತ್ತೆ.

ಆಕೆ ತನ್ನನ್ನ ಯಾಕೆ ಹಾಗೆ ಕರ್ಕೊಂಡ್ರು ಅನ್ನೋದು ಅವರು ಕೆಲ್ಸ ಮಾಡಿದ ರೀತೀಲೇ ಇದೆ. ಫೋಟೋಗ್ರಾಫರ್ ಆಗಿದ್ದೋರು, 1955ರಲ್ಲಿ ಮೊದಲ ಸಿನಿಮಾ. 1975ರ ಡಾಕ್ಯುಮೆಂಟರಿಗೆ, ಮಗು ಚಿಕ್ಕದು, ಮನೆ ಬಿಟ್ಟು ದೂರ ಹೋಗೋ ಹಾಗಿಲ್ಲ, ಅದಕ್ಕೆ ಮನೆಯಿಂದಲೇ ಸುಮಾರು 90 ಮೀಟರ್ ಕರೆಂಟ್ ವೈರ್ ಎಳ್ದು, ವೈರ್ ಮುಟ್ಟೋ ಅಷ್ಟು ದೂರದ ಅಂಗಡಿಯೋರನ್ನಷ್ಟೇ, ಪ್ಯಾರಿಸ್ಸಿನಲ್ಲಿ ಅವರ ಮನೆ ಇದ್ದ ರ‍್ಯೂ ದಾಗೇರ್ ಬೀದೀಲಿ, ಶೂಟ್ ಮಾಡಿದ್ರು. ಇರೋದ್ರಲ್ಲೇ ಹೆಕ್ಕೋದು! 2000ದ ಚಿತ್ರದಲ್ಲಿ ವಯಸ್ಸು 70 ದಾಟಿದೆ, ಸಣ್ಣ ಡಿಜಿಟಲ್ ಕ್ಯಾಮೆರಾ, ಒಂದು ಕೈಲಿ ಅದನ್ನ ಹಿಡ್ದು ಇನ್ನೊಂದು ಕೈಯ ಸುಕ್ಕನ್ನ ತೆಗೀತಾರೆ. ಆಫ್ ಮಾಡೋಕೆ ಮರ್ತು ಲೆನ್ಸ್ ಮುಚ್ಚಳ ಓಲಾಡ್ತಾ ರೆಕಾರ್ಡ್ ಆಗಿದ್ದನ್ನ ಕತ್ತರಿಸಿ ಎಸೀಲಿಲ್ಲ, ಜಾಜ್ ಸಂಗೀತ ಹಾಕಿ ಕುಣಿಸಿದ್ರು. ಸೈಜ್ ಸರಿಯಿಲ್ಲ ಅಂತ ಲಾರಿಗಟ್ಲೆ ಸುರಿದ ಆಲೂಗಡ್ಡೆ ರಾಶೀಲಿ ಹೃದಯದ ಆಕಾರದ್ದು ಸಿಕ್ರೆ ಮನೆಗೆ ತಗೊಂಡೋಗ್ತಾರೆ. ನನಗೆ ಇಡೀ ಚಿತ್ರದಲ್ಲಿ ತುಂಬಾ ಇಷ್ಟ ಆಗೋದು ಆ ಆಲೂಗಡ್ಡೇನೇ.

ಈಗ ತೊಡಕು. ಚಿತ್ರದಲ್ಲಿ ನೆಲದಿಂದ ಮೇಲೆ ಬೆಳೆಯೋದನ್ನ ಆಯೋದಕ್ಕೆ ಒಂದು ಪದ, ದ್ರಾಕ್ಷಿ ಥರ ಗಿಡದಲ್ಲಿ ಇಳಿಬಿದ್ದು ಉಳಿದದ್ದನ್ನ ಕೀಳೋದಕ್ಕೆ ‘ಗ್ರಾಪಿಯಾಜ್’ ಅಂತ ಬೇರೆ ಪದ. ಹಣ್ಣಿನ ತೋಟಕ್ಕೂ ಹಕ್ಕಲು ಅಂತಾರಾ? ಮಾವಿನ ತೋಪಿರೋ ಶ್ರೀನಿವಾಸಪುರದ ಕಡೆಯೋರು, ದ್ರಾಕ್ಷಿ ಬೆಳೆಯೋ ವಿಜಯಪುರದೋರು ಏನಂತೀರಿ?

ಕುಂದಾಪುರದ ಕಡೆ ‘ಹಕ್ಲು’ ಅಂದ್ರೆ ಬಯಲು ಜಾಗ ಅಲ್ವಾ, ಅಲ್ಲಿನೋರಿಗೆ ಈ ಹೆಸರು ಓದಿದ್ರೆ ಗೊಂದಲ ಆಗುತ್ತಾ? ಆಗೋದಾದ್ರೆ ಅಲ್ಲಿ ಚೆನ್ನಾಗಿ ಬಳಕೇಲಿರೋ ‘ಹೆಕ್ಕು’ ಸೇರಿಸಿ ‘ಹೆಕ್ಕುವವರು, ಹೆಕ್ಕುವವಳು’ ಅನ್ಬೋದು, ಆದ್ರೆ ಅದ್ರಲ್ಲಿ ಕೊಯ್ಲು ಮುಗಿದ ಹೊಲ ಕಾಣಲ್ಲ. ನಿಮ್ಮೂರಲ್ಲಿ ಹೇಗಂತಾರೋ ಹಾಗೇ ಬರೀರಿ, ತಿದ್ದಿ ಬರೀಬೇಡಿ.